ವಜಾ: ಕಳೆದ ಮೇಲೂ ಉಳಿಯುವ ಬಾಕಿ

‘ಅಪೀಲು ವಜಾ ಆತಂತೆ.’

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಸೀಮೆಯ ಯಾವ ಹಳ್ಳಿಯ ಕಟ್ಟೆಯ ಮೇಲೆ ಈ ಮಾತು ಬಿದ್ದರೂ ಕೇಳಿದವರು ಮಾಡಿಕೊಳ್ಳುವ ಅರ್ಥ ಒಂದೇ: ಸೋತರು, ಹೊಲ ಹೋಯಿತು. ಆ ಮೇಲೆ ಯಾರೂ ಹೆಚ್ಚಿಗೆ ಕೇಳುವುದಿಲ್ಲ. ಕೇಳಬೇಕಾದ ಒಂದು ಪ್ರಶ್ನೆ ಮಾತ್ರ ಹಾಗೇ ಉಳಿದುಬಿಡುತ್ತದೆ: ಯಾತಕ್ಕೆ ವಜಾ ಆಯಿತು? ನ್ಯಾಯಾಧೀಶರು ಎರಡೂ ಕಡೆಯ ವಾದ ಕೇಳಿ, ಕಾಗದಪತ್ರ ನೋಡಿ, ಕೆಳಗಿನ ತೀರ್ಪೇ ಸರಿ ಎಂದರೋ? ಅಥವಾ ಕೇಸು ಕೂಗಿದಾಗ ಅಪೀಲುದಾರನೂ ಇರಲಿಲ್ಲ, ಅವನ ವಕೀಲರೂ ಇರಲಿಲ್ಲ ಎಂಬ ಕಾರಣಕ್ಕೆ ಕಡತ ಮುಚ್ಚಿತೋ? ಮೊದಲನೆಯದು ತೀರ್ಪು. ಎರಡನೆಯದರಲ್ಲಿ ಯಾರ ಪರವಾಗಿಯೂ ಏನೂ ತೀರ್ಮಾನವಾಗಿಲ್ಲ. ಕನ್ನಡದಲ್ಲಿ ಎರಡಕ್ಕೂ ‘ವಜಾ’ ಎಂದೇ ಹೇಳುತ್ತೇವೆ. ಕೆಲಸದಿಂದ ತೆಗೆದ ನೌಕರನಿಗೂ ಪತ್ರಿಕೆಗಳಲ್ಲಿ ಇದೇ ಶಬ್ದ. ಇಷ್ಟೊಂದು ಭಾರ ಹೊತ್ತ ಈ ಎರಡಕ್ಷರ ಎಲ್ಲಿಂದ ಬಂತು, ಬರುವಾಗ ಏನು ಅರ್ಥ ಹೊತ್ತು ತಂದಿತು ಎಂದು ನೋಡಿದರೆ, ನಾವು ಮರೆತ ಒಂದು ವಿವೇಕ ಅದರೊಳಗೇ ಸಿಗುತ್ತದೆ.

‘ವಜಾ’ದ ಮೂಲ ಅರಬ್ಬಿಯ ‘ವದ್‌ಅ’. ಇಡು, ಕೆಳಗಿರಿಸು, ಇಳಿಸು ಎಂಬುದು ಅದರ ಮೊದಲ ಅರ್ಥ. ಹೆರಿಗೆಗೆ ಅರಬ್ಬಿಯಲ್ಲಿ ‘ಹೊತ್ತದ್ದನ್ನು ಇಳಿಸುವುದು’ ಎಂಬ ಪ್ರಯೋಗವಿದೆ, ಅಲ್ಲಿರುವುದು ಇದೇ ಧಾತು. ಸಾಲಗಾರನ ಮೇಲಿನ ಬಾಕಿಯಲ್ಲಿ ಒಂದಿಷ್ಟನ್ನು ಬಿಟ್ಟುಕೊಟ್ಟರೆ ಅದಕ್ಕೂ ಇದೇ ಕ್ರಿಯಾಪದ, ಅವನ ಹೊರೆ ಇಳಿಸಿದಂತೆ. ಪಾರಸಿಯವರು ಈ ಶಬ್ದವನ್ನು ತೆಗೆದುಕೊಂಡಾಗ ಅರಬ್ಬಿಯ ‘ದಾದ್’ ಎಂಬ ಅಕ್ಷರವನ್ನು ತಮ್ಮ ನಾಲಿಗೆಗೆ ಒಗ್ಗುವಂತೆ ಬದಲಿಸಿಕೊಂಡರು. ಅರಬ್ಬಿಯಲ್ಲಿ ಅದು ದಪ್ಪನೆಯ ದಕಾರ, ಪಾರಸಿಯಲ್ಲಿ ಹಲ್ಲಿನ ನಡುವೆ ಸುಳಿಯುವ ಜಕಾರ. ಆ ಸುಳಿಯುವ ಜಕಾರ ಕನ್ನಡದಲ್ಲಿ ಇಲ್ಲದ್ದರಿಂದ ನಾವು ನಮ್ಮ ಗಟ್ಟಿ ‘ಜ’ ಹಾಕಿದೆವು. ವದ್‌ಅ ಹೋಗಿ ವಜಾ ಆಯಿತು.

ಈ ಒಂದೇ ಅಕ್ಷರದ ಬೆನ್ನು ಹಿಡಿದರೆ ಕಚೇರಿಯ ಅರ್ಧ ಶಬ್ದಕೋಶ ಸಾಲಾಗಿ ಬಂದು ನಿಲ್ಲುತ್ತದೆ. ಅರ್ಜಿ, ಹಾಜರಿ, ಹುಜೂರು, ಜಾಮೀನು, ಜಪ್ತಿ, ಕಬ್ಜಾ, ಕಾಜಿ, ಜಿಲ್ಲೆ, ರಾಜಿ, ವಜಾ. ಇವೆಲ್ಲದರ ‘ಜ’ ಅರಬ್ಬಿಯ ದಾದ್ ಅಕ್ಷರದಿಂದ ಬಂದದ್ದು. ಅರಬರು ತಮ್ಮ ನುಡಿಯನ್ನು ‘ದಾದ್‌ನ ಭಾಷೆ’ ಎಂದೇ ಅಭಿಮಾನದಿಂದ ಕರೆದುಕೊಳ್ಳುತ್ತಾರೆ. ನಮ್ಮ ರೈತ ಅರ್ಜಿ ಹಾಕಿ, ಹಾಜರಾಗಿ, ಕಬ್ಜಾ ತೋರಿಸಿ, ಜಪ್ತಿಗೆ ಹೆದರಿ, ರಾಜಿಗೆ ಒಪ್ಪಿ, ಇಲ್ಲವೇ ವಜಾ ಆಗಿ ಊರಿಗೆ ಮರಳುವವರೆಗೂ ಆ ಅಕ್ಷರ ಅವನ ಜೊತೆಗಿದೆ. ಉತ್ತರ ಕರ್ನಾಟಕದ ಹಳೆಯ ಜಮೀನು ಪತ್ರಗಳಲ್ಲಿ ಊರ ಹೆಸರಿಗೆ ಮೊದಲು ಬರುವ ‘ಮೌಜೆ’ ವಜಾದ ಒಡಹುಟ್ಟು. ಇಟ್ಟ ಜಾಗ ‘ಮೌಜೆ’, ಇಳಿಸುವ ಕ್ರಿಯೆ ‘ವಜಾ’. ವ್ಯಾಜ್ಯದ ಜಮೀನಿನ ವಿವರ ಒಂದು ಶಬ್ದದಿಂದ ಶುರುವಾಗಿ, ಅದೇ ಬೇರಿನ ಇನ್ನೊಂದು ಶಬ್ದದಲ್ಲಿ ವ್ಯಾಜ್ಯ ಮುಗಿಯುವುದುಂಟು.

ಕನ್ನಡ ನಾಡಿಗೆ ಈ ಶಬ್ದ ಬಂದದ್ದು ಲೆಕ್ಕದ ಪುಸ್ತಕದ ಮೂಲಕ. ಬಹಮನಿ, ಆದಿಲಶಾಹಿ, ಮರಾಠ, ನಿಜಾಮ, ಹೈದರ್ ಎಲ್ಲರ ಆಡಳಿತದಲ್ಲೂ ಲೆಕ್ಕದ ನುಡಿ ಪಾರಸಿಯ ಬಣ್ಣದ್ದು. ಹರಪನಹಳ್ಳಿಯ ಪಾಳೆಯಗಾರರು ಬಿಜಾಪುರಕ್ಕೂ ಆಮೇಲೆ ಹೈದರನಿಗೂ ಕಪ್ಪ ಕಟ್ಟಿದವರು. ಕಪ್ಪ ಕಟ್ಟುವವನಿಗೂ ಕಟ್ಟಿಸಿಕೊಳ್ಳುವವನಿಗೂ ಲೆಕ್ಕದ ಮಾತು ಒಂದೇ ಆಗಿರಬೇಕು. ಬಂದದ್ದು ಜಮಾ, ಹೋದದ್ದು ಖರ್ಚು, ಕಡಿತವಾದದ್ದು ವಜಾ, ಉಳಿದದ್ದು ಬಾಕಿ. ಮರಾಠಿ ಶಾಲೆಯ ಮಕ್ಕಳು ಇಂದಿಗೂ ವ್ಯವಕಲನಕ್ಕೆ ‘ವಜಾಬಾಕಿ’ ಎನ್ನುತ್ತಾರೆ. ನಮ್ಮಲ್ಲೂ ಸಂಬಳದಲ್ಲಿ ಮುಂಗಡ ವಜಾ ಮಾಡಿ ಕೊಡುವುದು, ತೂಕದಲ್ಲಿ ಚೀಲದ ಭಾರ ವಜಾ ಮಾಡುವುದು ಬಳಕೆಯಲ್ಲಿರುವ ಮಾತುಗಳೇ. ಈ ಬಳಕೆಗಳಲ್ಲೆಲ್ಲ ವಜಾದ ಹಿಂದೆಯೇ ಬಾಕಿ ಇರುತ್ತದೆ. ಎಷ್ಟು ಕಳೆದರು ಎಂದು ಕೇಳಿದವನು ಎಷ್ಟು ಉಳಿಯಿತು ಎಂದೂ ಕೇಳುತ್ತಾನೆ.

1800ರಲ್ಲಿ ನಿಜಾಮ ಈ ಸೀಮೆಯನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟ. ‘ದತ್ತ ಮಂಡಲ’ದ ಕಲೆಕ್ಟರಾಗಿ ಬಂದ ಥಾಮಸ್ ಮನ್ರೋ 1807ರವರೆಗೆ ಇಲ್ಲಿದ್ದು, ರೈತನಿಂದಲೇ ನೇರವಾಗಿ ಕಂದಾಯ ವಸೂಲು ಮಾಡುವ ರೈತವಾರಿ ಪದ್ಧತಿಯನ್ನು ನೆಲೆಗೊಳಿಸಿದ. ವರ್ಷಕ್ಕೊಮ್ಮೆ ಜಮಾಬಂದಿ ನಡೆಯುತ್ತಿತ್ತು. ಮಳೆ ಕೈಕೊಟ್ಟು ಬೆಳೆ ಒಣಗಿದ ವರ್ಷ ಕಂದಾಯದಲ್ಲಿ ಎಷ್ಟು ಕಡಿತ ಕೊಡಬೇಕೆಂಬುದು ಅಲ್ಲೇ ತೀರ್ಮಾನವಾಗುತ್ತಿತ್ತು. ಬರದ ನಾಡಾದ ಕೂಡ್ಲಿಗಿ, ಹರಪನಹಳ್ಳಿಗಳ ರೈತನಿಗೆ ಕಂದಾಯದ ‘ವಜಾ’ ಎಂದರೆ ಉಸಿರಾಡಲು ಸಿಕ್ಕ ಅವಕಾಶ. ಅರಬ್ಬಿ ಮೂಲದ ‘ಹೊರೆ ಇಳಿಸು’ ಎಂಬ ಅರ್ಥ ಇಲ್ಲಿ ಅಕ್ಷರಶಃ ನಿಜವಾಗಿತ್ತು. ಇವತ್ತು ಹೊಲ ಹೋಯಿತು ಎಂಬ ಅರ್ಥದಲ್ಲಿ ಕೇಳಿಸುವ ಶಬ್ದ ಒಂದು ಕಾಲಕ್ಕೆ ಹೊಲ ಉಳಿಯಿತು ಎಂಬ ಅರ್ಥದಲ್ಲಿ ಕೇಳಿಸುತ್ತಿತ್ತು.

ಲೆಕ್ಕದ ಶಬ್ದ ಕೋರ್ಟಿಗೆ ಹೇಗೆ ದಾಟಿತು? ದಾರಿ ಶಬ್ದದೊಳಗೇ ಕಾಣುತ್ತದೆ. ಹಾಜರಿ ಪಟ್ಟಿಯಿಂದ ಹೆಸರು ಕಳೆದರೆ ನೌಕರ ವಜಾ. ದಾವಾ ನೋಂದಣಿಯಿಂದ ನಂಬರು ಕಳೆದರೆ ದಾವಾ ವಜಾ. ಎರಡು ಕಡೆಯೂ ಕಡಿತವಾಗುತ್ತಿರುವುದು ಪಟ್ಟಿಯ ಒಂದು ಸಾಲು. ನೆರೆಯ ನುಡಿಗಳು ಬೇರೆ ಬೇರೆ ಶಬ್ದ ಹಿಡಿದವು. ಹಿಂದಿಯಲ್ಲಿ ಅಪೀಲು ‘ಖಾರಿಜ್’, ಎಂದರೆ ಹೊರಗೆ. ತೆಲುಗಿನಲ್ಲಿ ‘ಕೊಟ್ಟಿವೇತ’, ಎಂದರೆ ಹೊಡೆದುಹಾಕುವುದು. ತಮಿಳಿನಲ್ಲಿ ‘ತಳ್ಳುಪಡಿ’. ಈ ತಮಿಳು ಶಬ್ದದ ಮುಂದೆ ಸ್ವಲ್ಪ ನಿಲ್ಲಬೇಕು. ಅಂಗಡಿಯ ರಿಯಾಯಿತಿಗೂ ತಳ್ಳುಪಡಿ, ರೈತರ ಸಾಲ ಮನ್ನಾಕ್ಕೂ ತಳ್ಳುಪಡಿ, ಕೋರ್ಟಿನಲ್ಲಿ ಅರ್ಜಿ ಬಿದ್ದುಹೋದರೂ ತಳ್ಳುಪಡಿ. ಬೇರು ದ್ರಾವಿಡ, ದಾರಿ ಮಾತ್ರ ವಜಾದ್ದೇ. ಬಳ್ಳಾರಿ ಸೀಮೆ 1953ರ ಸೆಪ್ಟೆಂಬರ್ ಕೊನೆಯವರೆಗೂ ಮದ್ರಾಸಿಗೆ ಸೇರಿತ್ತು. ಇಲ್ಲಿಯ ಕನ್ನಡದ ವಜಾ, ಅಲ್ಲಿಯ ತಮಿಳಿನ ತಳ್ಳುಪಡಿ ಒಂದೇ ಆಡಳಿತದ ಕಡತಗಳಲ್ಲಿ ಬಾಳಿದವು. ಮರಾಠಿಯಾದರೋ ‘ವಜಾ’ವನ್ನು ಲೆಕ್ಕಕ್ಕೇ ಮೀಸಲಿಟ್ಟುಕೊಂಡು ನೌಕರಿಗೆ ‘ಬಡತರ್ಫ’, ಕೋರ್ಟಿಗೆ ‘ಫೇಟಾಳಣೆ’ ಎಂದು ಬೇರೆ ಮಾಡಿಕೊಂಡಿತು. ಕನ್ನಡ ಮೂರನ್ನೂ ಒಂದೇ ಶಬ್ದದ ಹೆಗಲಿಗೆ ಹೊರಿಸಿತು.

ಇದೇ ಸೀಮೆಯ ನ್ಯಾಯಾಲಯಗಳಿಗೂ ಮನ್ರೋಗೂ ನಂಟಿದೆ. ಮನ್ರೋ ಮುಖ್ಯಸ್ಥನಾಗಿದ್ದ ಆಯೋಗದ ಫಲವಾಗಿ 1816ರಲ್ಲಿ ಮದ್ರಾಸ್ ಸರ್ಕಾರ ಹೊರಡಿಸಿದ ಕಟ್ಟಳೆಗಳಿಂದ ಹಳ್ಳಿಗೊಬ್ಬ ಗ್ರಾಮ ಮುನ್ಸೀಫ, ಅವನ ಮೇಲೆ ಜಿಲ್ಲಾ ಮುನ್ಸೀಫ, ಜೊತೆಗೆ ಪಂಚಾಯಿತಿಗಳ ವ್ಯವಸ್ಥೆ ಬಂತು. ವಾದಿ ಪ್ರತಿವಾದಿಗಳ ಊರಿನ ಹತ್ತಿರವೇ ನ್ಯಾಯ ಸಿಗಬೇಕೆಂಬುದು ಅದರ ಹಿಂದಿನ ಆಸೆ. ‘ಮುನ್ಸೀಫ’ ಎಂಬ ಶಬ್ದದ ಬೇರಿನಲ್ಲಿ ‘ನಿಸ್ಫ್’ ಇದೆ, ಎಂದರೆ ಅರ್ಧ. ಎರಡು ಪಾಲು ಸಮ ಮಾಡುವವನು ಮುನ್ಸೀಫ. ಪದವಿಯ ಹೆಸರು ಈಗ ಸಿವಿಲ್ ನ್ಯಾಯಾಧೀಶ ಎಂದಾಗಿದೆ, ಆದರೂ ಜನ ‘ಮುನ್ಸಿಪ್ ಕೋರ್ಟು’ ಎನ್ನುವುದನ್ನು ಬಿಟ್ಟಿಲ್ಲ. ಸಮ ಮಾಡಬೇಕಾದರೆ ಎರಡು ಅರ್ಧವೂ ಎದುರಿಗಿರಬೇಕು. ಒಂದು ಅರ್ಧ ಬರಲೇ ಇಲ್ಲವೆಂದರೆ ಏನು ಮಾಡಬೇಕು ಎಂಬ ಪ್ರಶ್ನೆ ಕಂಪನಿ ಸರ್ಕಾರದೊಂದಿಗೆ ಹುಟ್ಟಿದ್ದಲ್ಲ. ಕನ್ನಡ ನೆಲ ಅದನ್ನು ಬಹಳ ಹಿಂದೆಯೇ ಎದುರಿಸಿತ್ತು.

ಕಲ್ಯಾಣದ ಚಾಲುಕ್ಯ ದೊರೆ ಆರನೆಯ ವಿಕ್ರಮಾದಿತ್ಯ ಆಳಿದ್ದು 1076ರಿಂದ 1126ರವರೆಗೆ. ಹರಪನಹಳ್ಳಿಯ ಪಕ್ಕದ ಬಾಗಳಿಯಲ್ಲಿರುವ ಕಲ್ಲೇಶ್ವರ ದೇಗುಲದಲ್ಲಿ ಚಾಲುಕ್ಯರ ಕಾಲದ ಶಾಸನಗಳ ರಾಶಿಯೇ ಇದೆ. ಆ ದೊರೆಯ ಆಶ್ರಯದಲ್ಲಿ ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ಟೀಕೆ ಮಿತಾಕ್ಷರಾ. ಬಂಗಾಳದ ಕಡೆಯನ್ನು ಬಿಟ್ಟರೆ ಭಾರತದ ಹೆಚ್ಚಿನ ಭಾಗದ ಹಿಂದೂ ದಾಯವಿಭಾಗಕ್ಕೆ ಅದೇ ಆಧಾರವಾಯಿತು. ಇಂದು ಈ ತಾಲ್ಲೂಕುಗಳ ಕೋರ್ಟುಗಳಲ್ಲಿ ನಡೆಯುವ ಪಾಲು ದಾವೆಗಳ ಮೂಲ ನಿಯಮಗಳ ಹಿಂದೆಯೂ ಅದರ ನೆರಳಿದೆ. ವ್ಯವಹಾರದಲ್ಲಿ, ಎಂದರೆ ವ್ಯಾಜ್ಯದಲ್ಲಿ, ಕುಂದಿದವನನ್ನು ಆ ಪರಂಪರೆ ‘ಹೀನ’ ಎಂದು ಕರೆಯಿತು. ನಾರದ ಸ್ಮೃತಿ ಅಂಥವರನ್ನು ಐದು ಬಗೆಯಾಗಿ ವಿಂಗಡಿಸುತ್ತದೆ: ಮಾತು ಬದಲಿಸುವ ಅನ್ಯವಾದಿ, ಸಾಕ್ಷ್ಯ ಪ್ರಮಾಣಗಳನ್ನು ದ್ವೇಷಿಸುವ ಕ್ರಿಯಾದ್ವೇಷಿ, ಸಭೆಗೆ ಬಾರದ ನೋಪಸ್ಥಾಯಿ, ಬಂದೂ ಬಾಯಿ ಬಿಡದ ನಿರುತ್ತರ, ಕರೆ ಬಂದೊಡನೆ ಓಡಿಹೋಗುವ ಆಹೂತಪ್ರಪಲಾಯಿ. ಬಾರದವನನ್ನೂ ಓಡಿಹೋದವನನ್ನೂ ಒಂದೇ ಹೆಸರಿನಿಂದ ಕರೆಯದಿರುವ ಎಚ್ಚರ ಇಲ್ಲಿದೆ. ಯಾಜ್ಞವಲ್ಕ್ಯ ಸ್ಮೃತಿಯೂ ಕರೆಸಿದಾಗ ಬಾಯಿ ಬಿಡದವನನ್ನು ಹೀನ, ದಂಡಾರ್ಹ ಎಂದಿತು. ಆದರೆ ನೆಲ, ಸಾಲ, ದನಕರುಗಳ ವ್ಯಾಜ್ಯದಲ್ಲಿ ಮಾತು ತಪ್ಪಿದವನಿಗೆ ದಂಡ ಬೀಳಲಿ, ಅಷ್ಟಕ್ಕೇ ಆ ವಸ್ತುವಿನ ಮೇಲಿನ ಹಕ್ಕು ಕೈತಪ್ಪಬಾರದು ಎಂಬ ವಿವೇಕವೂ ಅದೇ ಪರಂಪರೆಯಲ್ಲಿದೆ. ನಡತೆಯ ತಪ್ಪಿಗೆ ನಡತೆಯ ದಂಡ, ಹಕ್ಕಿನ ಪ್ರಶ್ನೆಗೆ ಹಕ್ಕಿನ ವಿಚಾರಣೆ.

ಈಗಿನ ಕಾನೂನು ಹೇಳುವುದೂ ಬಹುಮಟ್ಟಿಗೆ ಇದನ್ನೇ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೆಯ ಆದೇಶದ 17ನೆಯ ನಿಯಮದ ಪ್ರಕಾರ, ವಿಚಾರಣೆಗೆ ಕೂಗಿದಾಗ ಅಪೀಲುದಾರ ಹಾಜರಾಗದಿದ್ದರೆ ನ್ಯಾಯಾಲಯ ಅಪೀಲನ್ನು ವಜಾ ಮಾಡಬಹುದು. ‘ಮಾಡಬಹುದು’, ಮಾಡಲೇಬೇಕೆಂದಿಲ್ಲ. ಮುಂದಿನ ವಾಯಿದೆ ಕೊಡುವ ಅಧಿಕಾರವೂ ಇದೆ. 1976ರ ತಿದ್ದುಪಡಿ ಈ ನಿಯಮಕ್ಕೆ ಒಂದು ವಿವರಣೆ ಸೇರಿಸಿತು: ಅಪೀಲುದಾರ ಗೈರಾದ ದಿನ ಅಪೀಲಿನ ಗುಣಾವಗುಣ ತೂಗಿ ಅದನ್ನು ವಜಾ ಮಾಡುವ ಅಧಿಕಾರ ನ್ಯಾಯಾಲಯಕ್ಕಿಲ್ಲ. ಗೈರುಹಾಜರಿಗೆ ವಜಾ ಮಾಡಿದರೆ ಅದು ಗೈರುಹಾಜರಿಯ ವಜಾ ಮಾತ್ರ ಆಗಿರಬೇಕು. ಅದಕ್ಕಿಂತ ಮುಖ್ಯವಾದ ಮಾತು ಸಂಹಿತೆಯ ಆರಂಭದಲ್ಲೇ, ‘ಡಿಕ್ರಿ’ಯ, ಎಂದರೆ ಹಕ್ಕನ್ನು ತೀರ್ಮಾನಿಸುವ ತೀರ್ಪಿನ, ವ್ಯಾಖ್ಯೆಯಲ್ಲಿ ಇದೆ. ಗೈರುಹಾಜರಿಯಿಂದಾದ ವಜಾ ಆದೇಶ ಡಿಕ್ರಿ ಅಲ್ಲ ಎಂದು ಅದು ಬಿಡಿಸಿ ಹೇಳುತ್ತದೆ.

ಹೀಗಾಗಿ ಇಂಥ ವಜಾದ ಹಿಂದೆ ಒಂದು ಬಾಕಿ ಇದೆ. ಅದೇ 41ನೆಯ ಆದೇಶದ 19ನೆಯ ನಿಯಮದಡಿ, ಬರಲಾಗದ್ದಕ್ಕೆ ಸಾಕಷ್ಟು ಕಾರಣವಿತ್ತೆಂದು ತೋರಿಸಿದರೆ ನ್ಯಾಯಾಲಯ ಅಪೀಲನ್ನು ಮತ್ತೆ ದಾಖಲಿಗೆ ತೆಗೆದುಕೊಳ್ಳಬೇಕು. ಖರ್ಚು ಕಟ್ಟುವಂತೆ ಷರತ್ತು ಹಾಕಬಹುದು, ಹಳೆಯ ಸ್ಮೃತಿಕಾರರ ದಂಡದ ಹಾಗೆ. 1963ರ ಕಾಲಪರಿಮಿತಿ ಕಾಯ್ದೆ ಇದಕ್ಕೆ ಕೊಡುವ ಅವಧಿ ವಜಾ ಆದ ದಿನದಿಂದ 30 ದಿನ. ತಡವಾದರೆ ತಡವಾದದ್ದಕ್ಕೂ ಕಾರಣ ತೋರಿಸಿ ಮನ್ನಿಸುವಂತೆ ಅದೇ ಕಾಯ್ದೆಯ 5ನೆಯ ಕಲಮಿನಡಿ ಕೇಳಬೇಕು. ಮತ್ತೆ ತೆಗೆದುಕೊಳ್ಳಲು ನಿರಾಕರಿಸಿದರೆ ಆ ನಿರಾಕರಣೆಯ ಮೇಲೂ ಅಪೀಲು ಇದೆ. ಆದರೆ ಎಲ್ಲ ವಾದ ಕೇಳಿ ವಜಾ ಮಾಡಿದ ಅಪೀಲಿನ ದಾರಿಯೇ ಬೇರೆ. ಅದು ಡಿಕ್ರಿ, ಅದರ ವಿರುದ್ಧ ಕಾನೂನಿನ ದೊಡ್ಡ ಪ್ರಶ್ನೆ ಇದ್ದರೆ ಮಾತ್ರ ಹೈಕೋರ್ಟಿಗೆ ಎರಡನೆಯ ಅಪೀಲು. ಎರಡು ವಜಾ, ಎರಡು ದಾರಿ. ಯಾವ ವಜಾ ಎಂದು ಗೊತ್ತಿಲ್ಲದವನು ಯಾವ ದಾರಿ ಹಿಡಿಯಬೇಕು?

ಗೈರುಹಾಜರಿ ಎಂಬ ಶಬ್ದವನ್ನೂ ಈ ಸೀಮೆಯಲ್ಲಿ ನಿಂತೇ ಓದಬೇಕು. ‘ಗೈರ್’ ಎಂದರೆ ಅನ್ಯ, ಬೇರೆ. ‘ಹಾಜರ್’ ಎಂದರೆ ಎದುರಿಗಿರುವವನು. ಅರಬ್ಬಿಯಲ್ಲಿ ಇದೇ ಹಾಜರ್ ಬೇರಿನಿಂದ ನೆಲೆ ನಿಂತ ಊರಿನವರಿಗೂ ಹೆಸರು ಬಂದಿದೆ, ಮರುಭೂಮಿಯಲ್ಲಿ ಅಲೆಯುವವರಿಗೆ ಎದುರಾಗಿ. ನಮ್ಮ ಈ ತಾಲ್ಲೂಕುಗಳು ಗುಳೆಯ ತಾಲ್ಲೂಕುಗಳು. ಮುಂಗಾರು ಕೈಕೊಟ್ಟರೆ, ಹಿಂಗಾರಿನ ಕೆಲಸ ಮುಗಿದರೆ ಹರಪನಹಳ್ಳಿ, ಕೂಡ್ಲಿಗಿ, ಹಡಗಲಿಯ ಹಳ್ಳಿಗಳಿಂದ, ತಾಂಡಾಗಳಿಂದ ಮನೆಮಂದಿಯೆಲ್ಲ ಕಬ್ಬು ಕಡಿಯಲು, ಕಾಫಿ ತೋಟದ ಕೆಲಸಕ್ಕೆ, ಬೆಂಗಳೂರಿನ ಕಟ್ಟಡ ಕೆಲಸಕ್ಕೆ ಹೊರಡುತ್ತಾರೆ. ನೆಲೆ ಬಿಟ್ಟು ಹೋದವನು ಹಾಜರಾಗುವುದು ಹೇಗೆ? ಮೊಬೈಲ್ ನಂಬರು ಬದಲಾಗಿರುತ್ತದೆ, ವಕೀಲರು ಬರೆದ ಕಾಗದ ಬಾಗಿಲು ಹಾಕಿದ ಮನೆಗೆ ಬಂದು ಮರಳುತ್ತದೆ. ಅಪೀಲು ಹಾಕಿದ ಹಿರಿಯ ತೀರಿಕೊಂಡಿರುತ್ತಾನೆ. 90 ದಿನದೊಳಗೆ ಅವನ ವಾರಸುದಾರರನ್ನು ದಾಖಲೆಗೆ ತರದಿದ್ದರೆ ಅವನ ಮಟ್ಟಿಗೆ ಅಪೀಲು ತಾನಾಗಿಯೇ ಬಿದ್ದುಹೋಗುತ್ತದೆ. ಕೋರ್ಟಿನ ಮಾತಿನಲ್ಲಿ ಅದು ‘ಅಬೇಟ್’, ವಜಾ ಕೂಡ ಅಲ್ಲ. ಮಕ್ಕಳಿಗೆ ಕೇಸಿನ ನಂಬರೇ ಗೊತ್ತಿರುವುದಿಲ್ಲ. ಕರೆ ಬಂದೊಡನೆ ಓಡಿಹೋದ ಆಹೂತಪ್ರಪಲಾಯಿಗಳು ಇವರಲ್ಲ. ಕರೆಯೇ ತಲುಪದವರು.

ದೂರವೂ ಒಂದು ಕಾರಣವಾಗಿತ್ತು. ಈ ಸೀಮೆಯ ದೊಡ್ಡ ಅಪೀಲುಗಳು 1862ರಿಂದ ಮದ್ರಾಸ್ ಹೈಕೋರ್ಟಿಗೆ ಹೋಗುತ್ತಿದ್ದವು. 1953ರ ಅಕ್ಟೋಬರ್ 1ರಿಂದ ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿ ಬೆಂಗಳೂರಿನ ದಾರಿ ತೆರೆಯಿತು. 2008ರ ಜುಲೈನಲ್ಲಿ ಧಾರವಾಡದಲ್ಲಿ ಹೈಕೋರ್ಟ್ ಪೀಠ ಶುರುವಾದ ಮೇಲೆ ಬಳ್ಳಾರಿ ಜಿಲ್ಲೆಗೆ ಅದೇ ಹತ್ತಿರದ ಮೆಟ್ಟಿಲಾಯಿತು. ಹರಪನಹಳ್ಳಿಯವರಂತೂ 1997ರಲ್ಲಿ ದಾವಣಗೆರೆ ಜಿಲ್ಲೆಗೆ ಹೋಗಿ, 2018ರಲ್ಲಿ ಬಳ್ಳಾರಿಗೆ ಮರಳಿ, 2021ರಲ್ಲಿ ಹೊಸ ವಿಜಯನಗರ ಜಿಲ್ಲೆಗೆ ಸೇರಿದರು. ಕೊಟ್ಟೂರು ಕೂಡ್ಲಿಗಿಯಿಂದ ಬೇರೆಯಾಗಿ ತಾಲ್ಲೂಕಾಯಿತು. ಕಚೇರಿಗಳು ಹತ್ತಿರ ಬಂದದ್ದು ಒಳ್ಳೆಯದೇ. ಆದರೆ ತನ್ನ ಕಡತ ಈಗ ಎಲ್ಲಿದೆ ಎಂಬುದು ಪ್ರತಿ ಬದಲಾವಣೆಯಲ್ಲೂ ಕಕ್ಷಿದಾರನಿಗೆ ಮತ್ತೊಮ್ಮೆ ಹೊಸ ಪ್ರಶ್ನೆಯಾಗುತ್ತದೆ.

ಎದುರು ಕಡೆಯವರ ಮಾತನ್ನೂ ಇಲ್ಲಿ ಹೇಳಲೇಬೇಕು. ಕೆಳಗಿನ ಕೋರ್ಟಿನಲ್ಲಿ ಗೆದ್ದವಳು ಒಬ್ಬ ಹೆಣ್ಣುಮಗಳು ಎಂದಿಟ್ಟುಕೊಳ್ಳೋಣ. ತವರಿನ ಆಸ್ತಿಯಲ್ಲಿ ತನ್ನ ಪಾಲಿಗಾಗಿ ದಾವೆ ಹೂಡಿ ಡಿಕ್ರಿ ಪಡೆದಿದ್ದಾಳೆ. ಅಣ್ಣ ಅಪೀಲು ಹಾಕಿ, ತಡೆಯಾಜ್ಞೆ ತಂದು, ಆಮೇಲೆ ಕೋರ್ಟಿನ ಕಡೆ ತಿರುಗಿಯೂ ನೋಡುವುದಿಲ್ಲ. ಅವಳು ಪ್ರತಿ ವಾಯಿದೆಗೂ ಬಸ್ಸಿನ ಚಾರ್ಜು ಕೊಟ್ಟು, ಅಂದಿನ ಕೂಲಿ ಬಿಟ್ಟು ಬರುತ್ತಾಳೆ. ಅವಳ ಪಾಲಿಗೆ ಆ ಅಪೀಲಿನ ವಜಾ ನ್ಯಾಯವೇ ಸರಿ. ಅಪೀಲಿನ ಜೊತೆಗೆ ತಡೆಯಾಜ್ಞೆಯೂ ಬೀಳುತ್ತದೆ, ಡಿಕ್ರಿ ಅಮಲ್ಜಾರಿಗೆ ದಾರಿಯಾಗುತ್ತದೆ. ಅಪೀಲು ನಡೆಸಲು ಮನಸ್ಸಿಲ್ಲದವನ ಕಡತ ಕೊಳೆಯಬಾರದೆಂದೇ ಈ ನಿಯಮ ಇದೆ. ಬೇಕೆಂದೇ ಬಾರದವನನ್ನೂ ಬರಲಾಗದವನನ್ನೂ ಬೇರ್ಪಡಿಸಿ ನೋಡುವ ಕೆಲಸ ನ್ಯಾಯಾಧೀಶರದು. ಆ ಭೇದ ಅವರ ಮುಂದೆ ಬರಬೇಕಾದರೆ ಬರಲಾಗದವನಿಗೆ ತನ್ನ ಬಾಕಿ ಗೊತ್ತಿರಬೇಕು.

ಇಲ್ಲಿ ವಕೀಲರ ಹೊಣೆ ಬರುತ್ತದೆ. ‘ವಕೀಲ’ನೂ ಅರಬ್ಬಿಯವನೇ, ನಂಬಿ ಒಪ್ಪಿಸಲ್ಪಟ್ಟವನು ಎಂದು ಆ ಶಬ್ದದ ಅರ್ಥ. 1981ರ ರಫೀಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ನಂಬಿಕೆಯನ್ನೇ ಎತ್ತಿಹಿಡಿಯಿತು. ಹಳ್ಳಿಯ ಕಕ್ಷಿದಾರ ವಕೀಲರನ್ನು ನೇಮಿಸಿ, ಫೀಜು ಕೊಟ್ಟು, ಅಪೀಲು ಒಪ್ಪಿಸಿ ಮನೆಗೆ ಹೋದ ಮೇಲೆ ಪ್ರತಿ ದಿನ ಬಂದು ಹೈಕೋರ್ಟಿನಲ್ಲಿ ಕಾಯಬೇಕಿಲ್ಲ, ವಕೀಲರ ಗೈರುಹಾಜರಿಗೆ ಅಂಥ ನಿರ್ದೋಷಿಯನ್ನು ಬಲಿ ಕೊಡಲಾಗದು ಎಂಬುದು ಅದರ ತಿರುಳು. ಈ ತೀರ್ಪಿನ ಬಲ ಸಿಗುವುದು ಸಕಾಲದಲ್ಲಿ ಕೇಳಿದವನಿಗೆ. ವರ್ಷಗಟ್ಟಲೆ ಕಡತದ ಕಡೆ ತಲೆಹಾಕದವನಿಗೆ ಇದೇ ನೆಪವಾಗಲು ನ್ಯಾಯಾಲಯಗಳು ಬಿಟ್ಟಿಲ್ಲ.

‘ವಜಾ’ ಎಂಬ ಶಬ್ದವನ್ನು ಬಿಟ್ಟುಬಿಡಿ ಎಂದು ನಾನು ಹೇಳುತ್ತಿಲ್ಲ. ನಾಲ್ಕಾರು ಶತಮಾನ ನಮ್ಮೊಡನೆ ಬಾಳಿದ ಶಬ್ದ ಅದು. ಅದನ್ನು ಒಂಟಿಯಾಗಿ ಬಿಡಬೇಡಿ ಎಂಬುದಷ್ಟೇ ನನ್ನ ಕೋರಿಕೆ. ತಾಲ್ಲೂಕು ಕೋರ್ಟುಗಳಲ್ಲಿ ಕನ್ನಡದಲ್ಲಿ ಆದೇಶ ಬರೆಯುವವರು ‘ಗೈರುಹಾಜರಿಗಾಗಿ ವಜಾ’, ‘ವಿಚಾರಣೆಯ ನಂತರ ವಜಾ’ ಎಂದು ಎರಡು ಬೇರೆ ಮಾತುಗಳನ್ನು ತಪ್ಪದೆ ಬಳಸಲಿ. ವಕೀಲರು ಕಕ್ಷಿದಾರನಿಗೆ ಫೋನು ಮಾಡಿದಾಗ ‘ವಜಾ ಆಯ್ತು’ ಎಂದು ನಿಲ್ಲಿಸದೆ, ಯಾಕಾಯ್ತು, 30 ದಿನದೊಳಗೆ ಏನು ಮಾಡಬಹುದು ಎಂಬುದನ್ನೂ ಹೇಳಲಿ. ಗುಳೆ ಹೋಗುವವರು ಹೊರಡುವ ಮೊದಲು ಕೇಸಿನ ನಂಬರನ್ನೂ ಕೇಸಿನ ಗುರುತಾದ 16 ಅಂಕಿ ಅಕ್ಷರಗಳ ಸಿಎನ್‌ಆರ್ ಸಂಖ್ಯೆಯನ್ನೂ ಬರೆದಿಟ್ಟುಕೊಂಡು, ಹೊಸ ಫೋನ್ ನಂಬರನ್ನು ವಕೀಲರಿಗೆ ಕೊಟ್ಟು ಹೋಗಲಿ. ಇ-ಕೋರ್ಟ್ಸ್ ಆ್ಯಪಿನಲ್ಲಿ ಆ ಸಂಖ್ಯೆ ಹಾಕಿದರೆ ಮುಂದಿನ ವಾಯಿದೆಯೂ, ಕೇಸು ಮುಗಿದಿದ್ದರೆ ಹೇಗೆ ಮುಗಿಯಿತೆಂಬುದೂ ಕಾಣುತ್ತದೆ. ಊರಲ್ಲಿ ಓದು ಬಲ್ಲ ಹುಡುಗ ಹುಡುಗಿಯರು ಇದನ್ನು ಹಿರಿಯರಿಗೆ ನೋಡಿ ಹೇಳಬಹುದು. ವಕೀಲರ ಫೀಜು ಕೊಡಲಾಗದ ಹೆಣ್ಣುಮಕ್ಕಳು, ಪರಿಶಿಷ್ಟ ಜಾತಿ ಪಂಗಡದವರು, ಬಡವರು ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಟ್ಟು ಉಚಿತ ನೆರವು ಕೇಳುವ ಹಕ್ಕು ಅವರಿಗಿದೆ.

ಲೆಕ್ಕ ಬರೆಯುವ ಶಾನುಭೋಗ ವಜಾ ಬರೆದ ಮೇಲೆ ಬಾಕಿ ಬರೆಯದೆ ಪುಟ ಮುಗಿಸುತ್ತಿರಲಿಲ್ಲ. ಕೋರ್ಟಿನ ಭಾಷೆಯೂ ಆ ಶಿಸ್ತನ್ನು ಕಲಿಯಬೇಕು. ಇನ್ನು ಮುಂದೆ ಯಾರಾದರೂ ‘ನಮ್ಮ ಅಪೀಲು ವಜಾ ಆತು’ ಎಂದರೆ ಸೋತಿರಾ ಎಂದು ಕೇಳಬೇಡಿ. ಯಾಕೆ ವಜಾ ಆಯಿತು, ಯಾವ ತಾರೀಖಿಗೆ ಆಯಿತು ಎಂದು ಕೇಳಿ. ಗೈರುಹಾಜರಿ ಎಂದು ಉತ್ತರ ಬಂದರೆ, 30 ದಿನ ತುಂಬುವ ಮೊದಲು ಅವರನ್ನು ವಕೀಲರ ಬಳಿ ಕಳಿಸಿ.